ಅತ್ತೆ ತಿನ್ನದ ಹಂದಿ

ನಮ್ಮ ಅತ್ತೆಗೆ ಬರುವುದು ಕಾಫಿ ಕುಯ್ಯಿಸುವಷ್ಟು ತಮಿಳು. ಬಾ, ಹೋಗು, ಮೂಟೆ ಕಟ್ಟು, ಹಸಿರು ಕಾಯಿ ಕೀಳಬೇಡ, ನಾಳೆ ಬೇಗ ಬಾ. ಮದುವೆಯಾಗಿ ಈ ತೋಟಕ್ಕೆ ಬಂದಾಗಿನಿಂದ ಲೈನ್ ಮನೆಯ ಕೂಲಿ ಹೆಂಗಸರ ಜೊತೆ ಇಷ್ಟರಲ್ಲೇ ನಿಭಾಯಿಸಿದ್ದಾರೆ. ಇದೇ ಬಂಡವಾಳದಲ್ಲಿ ಅವರು ಒಂದು ತಮಿಳು ಕೊಲೆ ಸಿನಿಮಾವನ್ನು ಟಿವಿಯಲ್ಲಿ ಬಂದಾಗಲೆಲ್ಲ ನೋಡಿ, ಕೊನೆಗೆ ಅದರ ಮೇಲೆ ಪ್ರವಚನ ಕೊಡುವ ಮಟ್ಟ ಮುಟ್ಟಿದರು.

ಕತೆ ಇಷ್ಟೇ. ಒಂದು ಸಾಧಾರಣ ಕುಟುಂಬದ ಕೈಯಲ್ಲಿ ಗೊತ್ತಿಲ್ಲದೆ ಒಂದು ಕೊಲೆಯಾಗುತ್ತದೆ, ಮನೆಯವರೆಲ್ಲ ಸೇರಿ ಅದನ್ನು ಮುಚ್ಚಿಡುತ್ತಾರೆ, ಪೊಲೀಸರು ಎಷ್ಟು ಹಿಂಡಿದರೂ ಎಲ್ಲರ ಬಾಯಲ್ಲೂ ಒಂದೇ ಮಾತು. ಸತ್ತವನ ಬಗ್ಗೆ ಅತ್ತೆಗೆ ಯಾವ ಚಿಂತೆಯೂ ಇರಲಿಲ್ಲ. ಅವರ ಕಣ್ಣು ತುಂಬುತ್ತಿದ್ದುದು ಆ ಮನೆಯವರ ಒಗ್ಗಟ್ಟಿಗೆ. "ಮನೆ ಅಂದ್ರೆ ಹಂಗಿರ್ಬೇಕು ಕಣಮ್ಮ. ಒಬ್ರಾದ್ರೂ ಬಾಯಿ ಬಿಟ್ರಾ?" ಎಂದು ನನ್ನ ಕಡೆ ತಿರುಗುತ್ತಿದ್ದರು, ಬಾಯಿ ಬಿಡುವ ಮನೆತನದಿಂದಲೇ ನನ್ನನ್ನು ಆರಿಸಿ ತಂದ ಹಾಗೆ. ನಮ್ಮ ಮನೆಯ ಸಾರಿಗೆ ಖಾರ ಜಾಸ್ತಿಯಾದರೆ ಸಂಜೆಯೊಳಗೆ ಅಕ್ಕಪಕ್ಕದ ತೋಟಗಳಿಗೆಲ್ಲ ಸುದ್ದಿ ಮುಟ್ಟಿರುತ್ತದೆ. ಮುಟ್ಟಿಸುವವರು ಸ್ವತಃ ಅತ್ತೆ.

ಸೋಮವಾರಪೇಟೆಗೆ ಹತ್ತಿರದ ಸಣ್ಣ ಕಾಫಿ ತೋಟ ನಮ್ಮದು. ಮಾವ, ಅತ್ತೆ, ನನ್ನ ಗಂಡ, ನಾನು, ಇಷ್ಟೇ ಜನ. ಲಿಂಗ ಕಟ್ಟಿದ ಮನೆ. ಮೊಟ್ಟೆ ಎಂಬ ಶಬ್ದ ಕೂಡ ಅಡುಗೆಮನೆಯ ಹೊಸ್ತಿಲು ದಾಟುವಂತಿಲ್ಲ, ಸೋಮವಾರ ಬೆಳ್ಳುಳ್ಳಿಗೂ ರಜ. ಸುತ್ತಲಿನವರು ಹಂದಿ ಸಾರಿನ ರುಚಿಯನ್ನು ಗಂಟೆಗಟ್ಟಲೆ ವರ್ಣಿಸುವ ಈ ಜಿಲ್ಲೆಯಲ್ಲಿ, ಮದುವೆ ಮನೆಯ ಮೂಲೆಯಲ್ಲಿ ಪ್ರತ್ಯೇಕವಾಗಿ ಹಾಕುವ ಪಂಕ್ತಿಯವರು ನಾವು.

ಮನೆಯಲ್ಲಿ ಒಂದು ಹಳೇ ಜೀಪಿದೆ. ಅದನ್ನು ಓಡಿಸುವುದು ಮಾವ. ಅವರ ಎರಡು ಕಣ್ಣಿಗೂ ಪೊರೆ ಬಂದಿರುವುದು ಅವರೊಬ್ಬರನ್ನು ಬಿಟ್ಟು ಎಲ್ಲರಿಗೂ ಗೊತ್ತು. ಅವರ ಪ್ರಕಾರ ಅದು ಮಂಜು. ಮಾರ್ಚ್ ತಿಂಗಳ ಮಟಮಟ ಮಧ್ಯಾಹ್ನ ಕೂಡ "ಇವತ್ತು ಮಂಜು ಜಾಸ್ತಿ" ಎನ್ನುತ್ತಾರೆ. ಆ ಮಂಜಿನಲ್ಲಿ ನಮ್ಮ ಗೇಟಿನ ಕಂಬ ಹೋಯಿತು, ಎದುರು ತೋಟದವರ ನೀರಿನ ಪೈಪು ಹೋಯಿತು. ಕೊನೆಗೆ ನನ್ನ ಗಂಡ, "ಇನ್ನೊಂದ್ಸಲ ಏನಕ್ಕಾದ್ರೂ ಗುದ್ದಿದ್ರೆ ಕೀ ನನ್ನ ಹತ್ರ ಇರುತ್ತೆ, ಅಷ್ಟೇ" ಎಂದು ತೀರ್ಪು ಕೊಟ್ಟ. ಆಪರೇಷನ್ ಮಾತೆತ್ತಿದರೆ ಮಾತ್ರ ಮಾವನಿಗೆ ತೋಟದಲ್ಲಿ ಏನೋ ತುರ್ತು ಕೆಲಸ ನೆನಪಾಗುತ್ತಿತ್ತು.

ಆದರೆ ಕೀ ಹೋದರೆ ನಿಜವಾಗಿ ಕಳೆದುಕೊಳ್ಳುವವರು ಅತ್ತೆ. ವಾರವೆಲ್ಲ ಒಲೆ, ಕೊಟ್ಟಿಗೆ, ಕಾಫಿ ಒಣಗಿಸುವ ಕಣ ಎಂದು ಸುತ್ತುವ ಆ ಹೆಂಗಸು ಸೋಮವಾರ ಬೆಳಿಗ್ಗೆ ಒಳ್ಳೆಯ ಸೀರೆ ಉಟ್ಟು, ಮುಖಕ್ಕೆ ಪೌಡರ್ ಹಚ್ಚಿ, ಜೀಪಿನ ಮುಂದಿನ ಸೀಟಿನಲ್ಲಿ ಕೂರುತ್ತಾರೆ. ಸೋಮವಾರಪೇಟೆಯ ಸಂತೆಗೆ ಹೋಗಿ ನಾಲ್ಕು ಕಟ್ಟು ಸೊಪ್ಪು ತರುವುದಕ್ಕೆ ಅವರಿಗೆ ಅರ್ಧ ದಿನ ಬೇಕು. ಗಂಡಹೆಂಡತಿ ಇಬ್ಬರೇ ಹೋಟೆಲಿನಲ್ಲಿ ಕೂತು ಮಸಾಲೆ ದೋಸೆ ತಿಂದು ಬರುತ್ತಾರೆ. ಆ ದೋಸೆಯ ಚಟ್ನಿಯಲ್ಲಿ ಬೆಳ್ಳುಳ್ಳಿ ಇದೆಯೋ ಇಲ್ಲವೋ ಎಂದು ಸೋಮವಾರದ ವ್ರತಸ್ಥೆ ಈವರೆಗೆ ವಿಚಾರಿಸಿಲ್ಲ. ಮಗನ ಕೈಗೆ ಕೀ ಹೋದರೆ ಅವನು, "ಏನ್ ಬೇಕು ಹೇಳಮ್ಮ, ನಾನೇ ತರ್ತೀನಿ" ಎನ್ನುತ್ತಾನೆ. ಅಲ್ಲಿಗೆ ಅತ್ತೆಯ ಪ್ರಪಂಚ ಗೇಟಿನವರೆಗೆ.

ಕಾಫಿ ಕುಯ್ಲಿನ ಕಾಲದ ಒಂದು ಸೋಮವಾರ ನನಗೂ ಪೇಟೆಯ ದರ್ಜಿಯ ಹತ್ತಿರ ಕೆಲಸವಿತ್ತು. ಗಂಡ ಬೆಣ್ಣೆಹಣ್ಣಿನ ಗಿಡ ತರಲು ಯಾರದೋ ಪಿಕಪ್‌ನಲ್ಲಿ ಚೆಟ್ಟಳ್ಳಿಯ ನರ್ಸರಿಗೆ ಹೋಗಿದ್ದ. ನಾನು ಜೀಪಿನ ಹಿಂದಿನ ಸೀಟಿನಲ್ಲಿ ಕೂತೆ. ಅವತ್ತು ನನಗೆ ಜೀಪು ಓಡಿಸುವವರು ಯಾರೆಂದು ಗೊತ್ತಾಯಿತು. "ಎಡಕ್ಕೆ ಗುಂಡಿ. ಎದುರಿಗೆ ಬಸ್ಸು ಬತ್ತಾ ಐತೆ, ನಿಲ್ಸಿ. ಈಗ ಹೋಗಿ. ಹಾರನ್ನು." ಅತ್ತೆ ಸಹಸ್ರನಾಮ ಹೇಳುವ ದನಿಯಲ್ಲಿ ದಾರಿ ಹೇಳುತ್ತಿದ್ದರು, ಮಾವ ಅದರಂತೆ ಕೈಕಾಲು ಆಡಿಸುತ್ತಿದ್ದರು. ನಮ್ಮ ತೋಟದ ಅಂಚಿನ ತಿರುವಿನಲ್ಲಿ ಅತ್ತೆಯ ಕೈಚೀಲ ಜಾರಿ ಬಿತ್ತು. ಅವರು ಎತ್ತಿಕೊಳ್ಳಲು ಬಗ್ಗಿದರು. ಆ ಒಂದು ಗಳಿಗೆ ಜೀಪನ್ನು ಮಾವ ಒಬ್ಬರೇ ಓಡಿಸಿದರು, ಒಂದು ಎಳೆಯ ಕಾಡುಹಂದಿ ಸತ್ತಿತು.

"ಮಂಜು" ಎಂದರು ಮಾವ, ಇಳಿದು ನಿಂತು.

"ಹೊಡ್ದಿದ್ದು ನಾನು" ಎಂದರು ಅತ್ತೆ. "ನಾನು ಬಗ್ಗಬಾರ್ದಾಗಿತ್ತು."

ಫಾರೆಸ್ಟ್‌ನವರಿಗೆ ಒಂದು ಫೋನ್ ಮಾಡಿದರೆ ಮುಗಿಯುತ್ತದೆ ಎಂದು ನಾನು ಹೇಳಿದೆ. ಅತ್ತೆ ನನ್ನನ್ನು ಪೊಲೀಸರ ಕಡೆಯವಳಂತೆ ನೋಡಿದರು. "ಅವ್ರು ಮೊದ್ಲು ಕೇಳೋದೇ ಯಾರು ಓಡಿಸ್ತಿದ್ರು ಅಂತ. ಆಮೇಲೆ ನಿನ್ ಗಂಡನೂ ಅದನ್ನೇ ಕೇಳ್ತಾನೆ. ಹೆಣ ಸಿಕ್ರೆ ತಾನೆ ಕೇಸು?" ತಮಿಳು ಬಾರದೆಯೂ ಸಿನಿಮಾದ ಸಾರವನ್ನು ಹೀರಿಕೊಂಡಿದ್ದರು.

ಸಿನಿಮಾದವರು ಇಂಥ ಕೆಲಸವನ್ನು ರಾತ್ರಿ ಮಾಡುತ್ತಾರೆ. ಅವರ ಊರಿನಲ್ಲಿ ಆನೆ ಇರುವುದಿಲ್ಲ. ನಮ್ಮ ತೋಟದಲ್ಲಿ ಕತ್ತಲಾದ ಮೇಲೆ ಅಂಗಳಕ್ಕಿಳಿಯುವ ಧೈರ್ಯ ಯಾರಿಗೂ ಇಲ್ಲದ್ದರಿಂದ, ನಾವು ಒಳ್ಳೆಯ ಬಿಸಿಲಿನಲ್ಲಿ, ಕಾಫಿ ಒಣಗಿಸುವ ಟಾರ್ಪಾಲಿನ ಮೇಲೆ ಹೆಣವನ್ನು ಉರುಳಿಸಿ, ಟಾರ್ಪಾಲನ್ನು ಜೀಪಿಗೆ ಕಟ್ಟಿ ಮನೆಯ ಹಿಂದಕ್ಕೆ ಎಳೆದೆವು. ಬೆಣ್ಣೆಹಣ್ಣಿನ ಗಿಡ ನೆಡಲು ತೆಗೆಸಿದ ಗುಂಡಿ ಅಲ್ಲಿ ಸಿದ್ಧವಿತ್ತು. ಹುಟ್ಟಿದಂದಿನಿಂದ ಮಾಂಸದಂಗಡಿಯ ಎದುರು ಉಸಿರು ಬಿಗಿಹಿಡಿದು ನಡೆದ ನಾವು ಮೂವರು ಮುಖ ತಿರುಗಿಸಿಕೊಂಡು, ಒಬ್ಬರಿಗೊಬ್ಬರು ಬೈದುಕೊಂಡು, ಅಂತೂ ಅದನ್ನು ಒಳಗಿಳಿಸಿದೆವು.

ಬೇರೆ ಯಾರಾದರೂ ಅಲ್ಲಿಗೆ ಮಣ್ಣು ಎಳೆದು ಕೈತೊಳೆಯುತ್ತಿದ್ದರು. ಅತ್ತೆ ತಡೆದರು. ನಮ್ಮಲ್ಲಿ ಸತ್ತವರನ್ನು ಸುಡುವುದಿಲ್ಲ, ಉಪ್ಪು ವಿಭೂತಿ ಹಾಕಿ ಹೂಳುತ್ತೇವೆ. "ನಮ್ ಕೈಯಾರೆ ಹೋದ ಜೀವ. ಉಪ್ಪಿಲ್ದೆ ಹೆಂಗ್ರೀ ಮುಚ್ಚೋದು?" ಅಡುಗೆಮನೆಯ ಭರಣಿಯಲ್ಲಿದ್ದ ಉಪ್ಪು ಹಂದಿಯ ಒಂದು ಕಾಲಿಗೂ ಸಾಲುವಂತಿರಲಿಲ್ಲ. ಹಾಗಾಗಿ ದಂಪತಿ ಮತ್ತೆ ಅದೇ ಜೀಪಿನಲ್ಲಿ ಅಡ್ಡರಸ್ತೆಯ ಅಂಗಡಿಗೆ ಹೋಗಿ ಒಂದು ಮೂಟೆ ಕಲ್ಲುಪ್ಪು ಕೇಳಿದರು. ಹೆಣದ ಕಾವಲಿಗೆ ನಾನು.

ಅಂಗಡಿಯ ಮಲಯಾಳಿ ಕೇಳಬೇಕಾದ್ದನ್ನು ಕೇಳಿದನಂತೆ. "ಎಂದಾ ಅಣ್ಣಾ, ಇಷ್ಟು ಉಪ್ಪು ಎಂತಕ್ಕೆ?"

"ತೆಂಗಿನ ಮರದ ಬುಡಕ್ಕೆ" ಎಂದರಂತೆ ಮಾವ. ನಮ್ಮ ತೋಟದಲ್ಲಿ ಒಂದೇ ಒಂದು ತೆಂಗಿನ ಮರವಿಲ್ಲ. ವಾರವಾರ ತೆಂಗಿನಕಾಯಿ ನಾವು ಕೊಳ್ಳುವುದು ಅದೇ ಅಂಗಡಿಯಲ್ಲಿ.

ಅತ್ತೆ ಹಂದಿಯ ಹಣೆ ಎಲ್ಲಿ ಶುರುವಾಗುತ್ತದೆಂದು ತಿಳಿಯದೆ ಅಂದಾಜಿನ ಮೇಲೆ ವಿಭೂತಿ ಹಚ್ಚಿದರು, ಕಣ್ಣೊರೆಸಿಕೊಂಡರು. ಮಾವ ಉಪ್ಪು ಸುರಿದರು. ಮಣ್ಣು ಎಳೆದೆವು; ಸಂಜೆ ಗಂಡ ತಂದ ಬೆಣ್ಣೆಹಣ್ಣಿನ ಗಿಡ ಅದರ ಮೇಲೆಯೇ ಬಂತು. ಅವನು ಬರುವ ಮೊದಲೇ ಅತ್ತೆ ಅಡುಗೆಮನೆಯಲ್ಲಿ ನಮಗೆ ಪಾಠ ಹೇಳಿಕೊಟ್ಟಿದ್ದರು. ಜೀಪು ಸ್ಟಾರ್ಟ್ ಆಗಲಿಲ್ಲ, ಸಂತೆಗೆ ಹೋಗಲಿಲ್ಲ, ಬೆಳಿಗ್ಗೆಯಿಂದ ಮೂವರೂ ಕಣದಲ್ಲಿ ಕಾಫಿ ಹರಡುತ್ತಿದ್ದೆವು. ಮಾವ ಎಷ್ಟು ನಿಷ್ಠಾವಂತ ವಿದ್ಯಾರ್ಥಿ ಎಂದರೆ, ಹಾಲು ಕೊಳ್ಳಲು ಬಂದ ಹುಡುಗನಿಗೆ ಅವನು ಕೇಳದೆಯೇ ಇಷ್ಟನ್ನೂ ಒಪ್ಪಿಸಿದರು. ಕೊಂಡ ದಿನದಿಂದ ಮಳೆಯ ನೀರು ಬಿಟ್ಟು ಬೇರೆ ನೀರು ಕಾಣದ ಜೀಪನ್ನು ಅವತ್ತೇ ಸೋಪು ಹಾಕಿ ತೊಳೆದರು.

ಮಾರನೆಯ ದಿನ ಎದುರು ತೋಟದ ಕೊಡವ ಹೆಂಗಸು ಬಂದರು. ಪೈಪು ಒಡೆದಾಗಲೂ ನಗುತ್ತಲೇ ಬಂದಿದ್ದ ಅವರ ಮುಖ ಸಿಂಡರಿಸಿತ್ತು. ತಿರುವಿನಲ್ಲಿ ರಕ್ತ, ಹಂದಿಯ ಕೂದಲು ನೋಡಿದ್ದರು, ಎಳೆದ ಗುರುತು ನೋಡಿದ್ದರು, ಉಪ್ಪಿನ ಮೂಟೆಯ ಸುದ್ದಿ ಕೇಳಿದ್ದರು. "ಎಂಥ ಅಕ್ಕ, ಇಷ್ಟು ವರ್ಷದ ನೆರೆಹೊರೆ. ನಮ್ಗೆ ಒಂದು ಪಾಲು ಕಳಿಸ್ಬೇಕು ಅಂತ ಅನ್ನಿಸ್ಲಿಲ್ವಾ?"

ಅವರ ದೂರು ಹಂದಿ ಸತ್ತದ್ದರ ಬಗ್ಗೆ ಅಲ್ಲವೇ ಅಲ್ಲ. ಉಪ್ಪು ಹಚ್ಚಿ ಒಣಗಿಸಿ ನಾವೇ ತಿನ್ನುತ್ತಿದ್ದೇವೆ, ಹಂಚಲಿಲ್ಲ, ಅದೇ ಸಂಕಟ. ಅತ್ತೆ ತಲೆ ತಗ್ಗಿಸಿ ಸೆರಗಿನ ಅಂಚು ತಿರುಚತೊಡಗಿದರು. ಎದುರು ತೋಟದಾಕೆ ಅದನ್ನು ನಾಚಿಕೆ ಎಂದುಕೊಂಡು ಕರಗಿದರು. "ಹೋಗ್ಲಿ ಬಿಡಿ, ನಾನು ಯಾರ ಹತ್ರಾನೂ ಹೇಳಲ್ಲ. ಈಗೆಲ್ಲರೂ ತಿಂತಾರೆ" ಎಂದು ಹೇಳಿ, ಹೋಗಿ, ಒಂದು ಸಣ್ಣ ಶೀಸೆ ಹಿಡಿದು ವಾಪಸು ಬಂದರು. ಕಾಚಂಪುಳಿ. ಇಲ್ಲಿನವರು ಹಂದಿ ಸಾರಿಗೆ ಹಾಕುವ ಕಪ್ಪು ಹುಳಿ. "ಇದಿಲ್ದೆ ಮಾತ್ರ ಮಾಡ್ಬೇಡಿ, ಹಾಳಾಗುತ್ತೆ."

ಯಾರ ಹತ್ತಿರವೂ ಹೇಳದ ಆ ಸುದ್ದಿ ವಾರ ಮುಗಿಯುವುದರೊಳಗೆ ಊರು ಸುತ್ತಿತು. ಅತ್ತೆಯ ಭಜನೆ ಗುಂಪಿನ ಒಬ್ಬಾಕೆ ಮನೆಗೆ ಬಂದವರು ಕಾಫಿ ಬೇಡವೆಂದರು. ಬಾಯಾರಿಕೆ ಇಲ್ಲವಂತೆ. ಅವರು ಹೋದ ಮೇಲೆ ಅತ್ತೆ ಆ ತುಂಬಿದ ಲೋಟವನ್ನು ಹಿಡಿದುಕೊಂಡು ಬಹಳ ಹೊತ್ತು ನಿಂತಿದ್ದರು. ನನಗೆ ಸಿಟ್ಟು ಬಂತು. ತಿಂದಿಲ್ಲ ಎಂದು ಹೇಳಿಬಿಡಿ ಎಂದೆ. "ಹಂಗಾದ್ರೆ ಹಂದಿ ಎಲ್ಲಿ ಅಂತಾರೆ. ಹೂತಿದ್ವಿ ಅಂದ್ರೆ ಹೊಡ್ದಿದ್ದು ಯಾರು ಅಂತಾರೆ" ಎಂದರು ಅತ್ತೆ. ಸಿನಿಮಾದ ಕುಟುಂಬಕ್ಕೆ ಇಂಥ ತೊಡಕು ಬಂದಿರಲಿಲ್ಲ. ಅವರು ಕೊಂದದ್ದನ್ನು ಯಾರೂ ತಿನ್ನುವಂತಿರಲಿಲ್ಲ.

ಸುದ್ದಿ ಕಾಫಿ ವ್ಯಾಪಾರಿಯ ಅಂಗಡಿಯಲ್ಲಿ ನನ್ನ ಗಂಡನ ಕಿವಿಗೂ ಬಿತ್ತು. ಮನೆಗೆ ಬಂದವನೇ ನಮ್ಮನ್ನು ಒಬ್ಬೊಬ್ಬರನ್ನಾಗಿ ಕರೆದು ವಿಚಾರಿಸಿದ. ಅವನೂ ಆ ಸಿನಿಮಾ ನೋಡಿದ್ದಾನೆ ಎನ್ನುವುದು ನಮಗೆ ಮರೆತೇ ಹೋಗಿತ್ತು. ಮೂವರೂ ಕಾಫಿ ಹರಡುತ್ತಿದ್ದೆವು ಎಂದೆವು. "ಸ್ಟಾರ್ಟೇ ಆಗದ ಜೀಪನ್ನ ತೊಳೆದಿದ್ದು ಯಾಕೆ?" ಎಂದು ಕೇಳಿದ. ಈ ಪ್ರಶ್ನೆ ನಮ್ಮ ಪಾಠದಲ್ಲಿ ಇರಲಿಲ್ಲ. "ಸೋಮವಾರ ನಾನೂ ಸಂತೆಗೆ ಬರ್ತೀನಿ" ಎಂದು ಹೇಳಿ ಎದ್ದ.

ಆ ಸೋಮವಾರ ಜೀಪು ಓಡಿಸಿದ್ದು ಅವನೇ. ಮುಂದಿನ ಸೀಟಿನಲ್ಲಿ ಮಾವ, ಹಿಂದೆ ನನ್ನ ಪಕ್ಕದಲ್ಲಿ ಅತ್ತೆ. ಅಭ್ಯಾಸಬಲದಿಂದ ಅವರು ಒಮ್ಮೆ "ಎಡಕ್ಕೆ ಗುಂಡಿ" ಎಂದರು. ಮಗ ಆಗಲೇ ಗುಂಡಿ ತಪ್ಪಿಸಿದ್ದ.

ಸಂತೆಯ ಸೊಪ್ಪಿನ ಸಾಲಿನಲ್ಲಿ ಭಜನೆಯ ಹೆಂಗಸರೂ ಇದ್ದರು, ಎದುರು ತೋಟದಾಕೆಯೂ ಇದ್ದರು. ಆಕೆ ನಮ್ಮನ್ನು ನೋಡಿದ ಖುಷಿಗೆ, ಇಡೀ ಸಾಲಿಗೆ ಕೇಳುವಂತೆ ಕರೆದರು. "ಅಕ್ಕ, ಹೇಗಾಗಿತ್ತು? ನಾನು ಕೊಟ್ಟ ಕಾಚಂಪುಳಿ ಹಾಕಿದ್ರಾ?"

ಸೊಪ್ಪು ಆರಿಸುತ್ತಿದ್ದ ಕೈಗಳು ನಿಂತವು. ನನ್ನ ಗಂಡ ಚೀಲ ಹಿಡಿದುಕೊಂಡು ತಾಯಿಯ ಮುಖವನ್ನೇ ನೋಡುತ್ತಿದ್ದ. ಅತ್ತೆ ಮಾವನ ಕಡೆ ನೋಡಿದರು. ಮಾವನಿಗೆ ಮಾತಾಡಿದವರು ಯಾರೆಂದು ಕಂಡಿರಲಿಲ್ಲ. ಅವರು ಬೇರೆ ಯಾವುದೋ ಕಡೆಗೆ ತಿರುಗಿ, ಅಲ್ಲಿದ್ದ ಬದನೆಕಾಯಿ ರಾಶಿಯ ಹಿಂದಿನ ಖಾಲಿ ಜಾಗಕ್ಕೆ, ಬಹಳ ಮರ್ಯಾದೆಯಿಂದ ನಗುತ್ತಿದ್ದರು.

"ಹಾಕಿದ್ದೆ ಕಣಮ್ಮ" ಎಂದರು ಅತ್ತೆ. ದನಿ ಚೂರೂ ಅಲುಗಲಿಲ್ಲ. "ಒಂಚೂರು ಜಾಸ್ತಿ ಆಯ್ತು."

ಭಜನೆಯವರು ಅಲ್ಲಿಂದ ಸರಿದುಹೋದರು. ಎದುರು ತೋಟದಾಕೆ, ಮೊದಮೊದಲು ಹಾಗೇ ಆಗುತ್ತದೆ ಎಂದು ಸಮಾಧಾನ ಹೇಳಿದರು. ನನ್ನ ಗಂಡ ಮುಂದೆ ಒಂದು ಪ್ರಶ್ನೆಯನ್ನೂ ಕೇಳಲಿಲ್ಲ. ಸೋಮವಾರ ಬೆಳ್ಳುಳ್ಳಿ ಮುಟ್ಟದ ತಾಯಿ ಊರೆದುರು ಹಂದಿ ತಿಂದೆ ಎನ್ನಬೇಕಾದರೆ ಅದು ಯಾರಿಗೋಸ್ಕರ ಎನ್ನುವುದು ತಿಳಿಯದಷ್ಟು ದಡ್ಡ ಅವನಲ್ಲ. ಆ ಸಿನಿಮಾದಲ್ಲಿ ಅತ್ತೆ ಏನನ್ನು ನೋಡಿ ಅಳುತ್ತಿದ್ದರು ಎನ್ನುವುದು ನನಗೂ ಆಗ ತಿಳಿಯಿತು. ನಾನು ಅಷ್ಟು ದಿನ ನಕ್ಕಿದ್ದೆ.

ಹೋಟೆಲಿನಲ್ಲಿ ನಾಲ್ವರೂ ಕೂತೆವು. ದೋಸೆ ಬಂತು. ಅತ್ತೆ ಮುಟ್ಟಲಿಲ್ಲ. ಮಾವನ ತಟ್ಟೆಯನ್ನು ಅವರ ಕೈಗೆ ಸಿಗುವಂತೆ ಸರಿಸಿ, ಚಟ್ನಿ ಯಾವ ಕಡೆ ಇದೆ ಎಂದು ಹೇಳಿ, ಆಮೇಲೆ ಮೆಲ್ಲಗೆ ಶುರುಮಾಡಿದರು.

"ನಿಮಗೋಸ್ಕರ ಹಂದಿ ತಿಂದೋಳು ಅನ್ನಿಸ್ಕೊಂಡೆ. ಸಾಯೋವರ್ಗೂ ಅನ್ನಿಸ್ಕೊತೀನಿ, ಬೇಜಾರಿಲ್ಲ. ನಂಗೋಸ್ಕರ ನೀವು ಆ ಕಣ್ಣು ಡಾಕ್ಟ್ರಿಗೆ ತೋರ್ಸಕ್ಕಾಗಲ್ವಾ?"

ಮಾವ ಮಂಜಿನ ಮಾತು ತೆಗೆಯಲಿಲ್ಲ. ತಟ್ಟೆಯ ಅಂಚನ್ನು ಬೆರಳಿನಿಂದ ಹುಡುಕಿಕೊಂಡು ದೋಸೆಯ ಒಂದು ತುಂಡು ಮುರಿದು ಅತ್ತೆಯ ಕಡೆಗೆ ಚಾಚಿದರು. "ಯಾವತ್ತು ಹೋಗೋಣ?" ಎಂದು ಕೇಳಿದರು.