ಅತ್ತೆಯ ಹೆಸರಿನ ಮಗು

ಟಕ್. ಟಕ್.

ಎರಡು ಮರದ ತುಂಡುಗಳನ್ನು ಒಂದಕ್ಕೊಂದು ಬಡಿದ ಸದ್ದು. ನಮ್ಮ ಕಾನ್ವೆಂಟ್ ಬೋರ್ಡಿಂಗಿನಲ್ಲಿ ಗಂಟೆ ಇರಲಿಲ್ಲವೆಂದಲ್ಲ. ಇತ್ತು. ಆದರೆ ಸಿಸ್ಟರ್ ಬಾರ್ಬರಾ ಅವರಿಗೆ ಗಂಟೆಯ ಮೇಲೆ ನಂಬಿಕೆ ಇರಲಿಲ್ಲ. ಒಂದು ಟಕ್ ಅಂದರೆ ಎದ್ದು ನಿಲ್ಲಬೇಕು, ಎರಡು ಟಕ್ ಅಂದರೆ ಮಂಡಿಯೂರಬೇಕು. ಅರವತ್ತು ವರ್ಷದ ಮೇಲಾಯಿತು. ಈಗಲೂ ಯಾರಾದರೂ ಲಟ್ಟಣಿಗೆಯನ್ನು ಮಣೆಗೆ ಕುಟ್ಟಿದರೆ ನನ್ನ ಮಂಡಿ ಒಮ್ಮೆ ಅಲುಗುತ್ತದೆ. (ಡಾಕ್ಟರು ಅದಕ್ಕೆ ಆರ್ಥ್ರೈಟಿಸ್ ಅನ್ನುತ್ತಾರೆ. ಪಾಪ, ಅವರು ಬೋರ್ಡಿಂಗಿನಲ್ಲಿ ಓದಿದವರಲ್ಲ.)

ಇಷ್ಟು ಸ್ಟ್ರಿಕ್ಟಾದ ಸಿಸ್ಟರಿಗೆ ಒಂದೇ ಒಂದು ಚಪಲವಿತ್ತು. ಹೆಸರುಗಳ ಅರ್ಥ ಹೇಳುವುದು. ಶನಿವಾರದ ಹೊಲಿಗೆ ಕ್ಲಾಸಿನಲ್ಲಿ ನಾವು ಕಾಜಾ ಹಾಕುತ್ತಾ ಕೂತರೆ ಅವರು ಒಬ್ಬೊಬ್ಬಳ ಹೆಸರನ್ನೂ ಎತ್ತಿಕೊಂಡು ಬಿಡಿಸುತ್ತಿದ್ದರು. ಮಾರ್ಗರೆಟ್ ಅಂದರೆ ಮುತ್ತು. ಹಾಗಾದರೆ ನಮ್ಮ ಕೊಡಗಿನ ಮುತ್ತಮ್ಮನೂ ಮಾರ್ಗರೆಟ್ಟೇ! ಅವಳು ಒಂದು ವಾರ ಯಾರ ಜೊತೆಯೂ ಮಾತಾಡಲಿಲ್ಲ, ಅಷ್ಟು ಜಂಬ. ಕೊಡಗಿನ ಪೊನ್ನಮ್ಮ, ಕೇರಳದ ತಂಗಮ್ಮ, ನಮ್ಮ ಕಡೆಯ ಚಿನ್ನಮ್ಮ, ಮೂವರೂ ಒಂದೇ ಬಂಗಾರ. ತಮ್ಮ ಹೆಸರನ್ನೂ ಅವರು ಬಿಡುತ್ತಿರಲಿಲ್ಲ. ಬಾರ್ಬರಾ ಅಂದರೆ ಪರದೇಶಿ ಹೆಂಗಸು, ನಮ್ಮ ಮಾತು ಬಾರದವಳು. (ನನ್ನನ್ನು ಕೇಳಿದರೆ, ಮದುವೆಯಾಗಿ ಬಂದ ಪ್ರತಿ ಸೊಸೆಗೂ ಮೊದಲ ವರ್ಷ ಈ ಹೆಸರೇ ಸರಿ.)

ಆ ಕ್ಲಾಸಿನಲ್ಲಿ ಮಿರ್ಲೆಯಿಂದ ಬಂದ ಚೆಲುವಾಜಮ್ಮ ಇದ್ದಳು. ಅವಳ ಅಪ್ಪನಿಗೆ ಗದ್ದೆಯಿತ್ತು, ಮಗಳು ಇಂಗ್ಲಿಷ್ ಕಲಿಯಲಿ ಎಂಬ ಹುಚ್ಚೂ ಇತ್ತು. ಸಿಸ್ಟರು ಅವಳ ಹೆಸರಿಗೆ, ಚೆಲುವೆ ಅಲ್ಲವೇ, ಅರಬ್ಬಿಯಲ್ಲಿ ಜಮೀಲಾ, ಇಟಲಿಯಲ್ಲಿ ಬೆಲ್ಲಾ ಅಂದರು. ಕಬ್ಬು ಬೆಳೆಯುವ ಕೆ.ಆರ್. ನಗರದ ಕಡೆಯವಳಿಗೆ ಬೆಲ್ಲ ಅಂದರೆ ಬೇರೆ ಏನು ನೆನಪಾಗಬೇಕು? ಕ್ಲಾಸೆಲ್ಲ ನಕ್ಕಿತು. ಅವಳು ನಗಲಿಲ್ಲ. ತನ್ನ ಹೆಸರನ್ನು ಯಾರೋ ಇಷ್ಟು ಹೊತ್ತು ಬಾಯಲ್ಲಿ ಇಟ್ಟುಕೊಂಡಿದ್ದಾರಲ್ಲ ಎಂದು ಬೆರಗಾಗಿ ಕೂತಿದ್ದಳು. ಎಂಟನೇ ಕ್ಲಾಸು ಮುಗಿಯುವ ಮೊದಲೇ ಮದುವೆಯಾಗಿ ಹೋದಳು.

ಆಮೇಲೆ ಅವಳನ್ನು ನಾನು ನೋಡಿದ್ದು ಎರಡು ವರ್ಷದ ಹಿಂದೆ, ಹುಣಸೂರಿನ ಒಂದು ಕಣ್ಣಿನ ಕ್ಲಿನಿಕ್ಕಿನಲ್ಲಿ. ನೋಡಿದ್ದು ಅನ್ನುವುದೂ ತಪ್ಪು. ಕಣ್ಣಿಗೆ ಡ್ರಾಪ್ಸ್ ಹಾಕಿ ಬೆಂಚಿನ ಮೇಲೆ ಕೂರಿಸಿಬಿಡುತ್ತಾರಲ್ಲ, ಲೋಕವೆಲ್ಲ ಮಂಜು. ನನ್ನ ಪಕ್ಕದಲ್ಲಿ ಒಬ್ಬ ಮುದುಕಿ, ಅವಳ ಕಣ್ಣಿಗೂ ಡ್ರಾಪ್ಸ್. ಕೌಂಟರಿನ ಹುಡುಗಿ ಚೆಲುವಾಜಮ್ಮ ಯಾರು ಎಂದು ಕೂಗಿದಳು. ಯಾರೂ ಏಳಲಿಲ್ಲ. ಮತ್ತೆ ಕೂಗಿದಳು. ಮತ್ತೂ ಕೂಗಿದಳು.

‘ಯಾರೋ ಕಿವುಡಿ ಇರ್ಬೇಕು ಬುಡಿ’ ಅಂದಳು ನನ್ನ ಪಕ್ಕದ ಮುದುಕಿ.

ಹುಡುಗಿ ಬೇಸತ್ತು ಮುಂದಿನವರನ್ನು ಒಳಗೆ ಕಳಿಸಿ, ಚೀಟಿಯನ್ನೂ ಆಧಾರ್ ಕಾರ್ಡನ್ನೂ ಹಿಡಿದು ನಮ್ಮ ಬೆಂಚಿನವರೆಗೂ ಬಂದಳು. ಅಜ್ಜೀ, ಆಧಾರಿನಲ್ಲಿರುವುದು ನಿಮ್ಮ ಫೋಟೋ ಅಲ್ಲವೇ ಎಂದಳು. ಮುದುಕಿ ಕಾರ್ಡನ್ನು ಕೈಯಲ್ಲಿ ಸವರಿ, ‘ಊಂ ಕಣವ್ವ. ನಂದೇಯ ಎಸ್ರು’ ಅಂದಳು.

ಕಣ್ಣು ಗುರುತಿಸದ್ದನ್ನು ಕಿವಿ ಗುರುತಿಸಿತು. ಮಿರ್ಲೆ ಚೆಲುವಾಜಮ್ಮನಾ ಅಂದೆ. ಯಾರವ್ವ ನೀನು ಅಂದಳು. ವಿಮಲಾ ಅಂದೆ. ಕೈ ಹಿಡಿದುಕೊಂಡವಳು ಪಾಳಿ ಮತ್ತೆ ಬರುವವರೆಗೂ ಬಿಡಲಿಲ್ಲ.

ಸ್ವಂತ ಹೆಸರನ್ನು ಮರೆಯುತ್ತಾರಾ ಅಂತ ನೀವು ಕೇಳಬಹುದು. ಮರೆತಿರಲಿಲ್ಲ ಕಣ್ರೀ, ಬಳಕೆಯಲ್ಲಿರಲಿಲ್ಲ. ಅದು ಅವಳ ಅಪ್ಪನ ತಾಯಿಯ ಹೆಸರು. ಗೌರವಕ್ಕೆಂದು ಮಗುವಿಗೆ ಇಟ್ಟರು. ಅತ್ತೆಯ ಹೆಸರನ್ನು ಸೊಸೆ ಬಾಯಿಬಿಟ್ಟು ಹೇಳುವ ಹಾಗಿಲ್ಲ, ಹಾಗಾಗಿ ಹೆತ್ತ ತಾಯಿ ಕೊನೆಯವರೆಗೂ ‘ಅಮ್ಮಣ್ಣಿ’ ಎಂದೇ ಕರೆದಳು. ಗಂಡನ ಮನೆಗೆ ಬಂದರೆ ಅಲ್ಲಿ ಸೊಸೆಯರಿಗೆ ಹೆಸರೇ ಇಲ್ಲ, ಊರು ಮಾತ್ರ. ‘ಮಿರ್ಲೆಯವಳು’ ಆದಳು. ಗಂಡ ‘ಇವಳೇ’ ಅಂದ. ಮಗ ಹುಟ್ಟಿದ ಮೇಲೆ ‘ಮಂಜನವ್ವ’. ಆಮೇಲೆ ‘ಮಿರ್ಲೆ ಅಜ್ಜಿ’. ಎಲ್ಲವೂ ಪ್ರೀತಿಯಿಂದಲೇ, ಎಲ್ಲವೂ ಮರ್ಯಾದೆಯಿಂದಲೇ. ಇಷ್ಟೊಂದು ಮರ್ಯಾದೆಯ ನಡುವೆ ಒಂದು ಹೆಸರು ಉಸಿರಾಡುವುದಾದರೂ ಹೇಗೆ?

ಅವತ್ತೇ ಬೆಂಚಿನ ಮೇಲೆ ಅವಳು ಒಂದು ಕೆಲಸ ಒಪ್ಪಿಸಿದಳು. ಮಂಜನಿಗೆ ತಡವಾಗಿ ಹೆಣ್ಣುಮಗು ಆಗಿದೆ. ಸೊಸೆ ರಂಜಿತಾ ಒಳ್ಳೆಯವಳು, ಬಿ.ಎಡ್. ಮಾಡಿದ್ದಾಳೆ, ಫೋನಿನಲ್ಲಿ ನೋಡಿ ಲಿಯಾ ಅಂತ ಹೆಸರು ಆರಿಸಿದ್ದಾಳೆ. ತನ್ನ ಹೆಸರಿಡಿ ಅಂತ ತಾನೇ ಕೇಳುವುದು ಹೇಗೆ? ನೀನು ಇಂಗ್ಲಿಷ್ ಓದಿದವಳು, ಪೇಪರಿಗೆ ಬೇರೆ ಬರೀತೀಯ, ನಾಮಕರಣಕ್ಕೆ ಬಂದು ಆ ಹೆಸರಿಗೆ ಅರ್ಥ ಸರಿಯಿಲ್ಲ ಅಂದುಬಿಡು ಅಂದಳು. ಆಮೇಲೆ ಮೆಲ್ಲಗೆ, ‘ನಮ್ಮನೇಲಿ ಆ ಎಸ್ರು ಕೂಗಿದ್ದ ಒಂದ್ಸಲ ಕೇಳ್ಬೇಕು ಕಣೇ ವಿಮ್ಲಾ. ಇನ್ನೆಷ್ಟು ದಿನ ಇದ್ದೀನು?’

ನನಗೆ ಈ ಹೆಸರಿನ ವ್ಯವಹಾರವೇ ಸಾಕಾಗಿತ್ತು. ಅಂಕಣ ಬರೆಯುವವಳು ಅಂತ ಗೊತ್ತಾದರೆ ಸಾಕು, ವಾಟ್ಸಾಪಿನಲ್ಲಿ ವಾರಕ್ಕೊಬ್ಬರು. ‘ಆಂಟಿ, ಶ ಅಕ್ಷರ, ಯೂನಿಕ್ ಇರಲಿ, ಎರಡೇ ಅಕ್ಷರ, ಸಂಸ್ಕೃತನೂ ಇರಲಿ, ಫಾರಿನ್ನಲ್ಲೂ ನಡೀಬೇಕು.’ ಮಗುವಿಗೆ ಹೆಸರೋ, ಸೋಪಿಗೆ ಹೆಸರೋ? ಹುಣಸೂರಿನ ಹತ್ತಿರದ ಗುರುಪುರದ ಟಿಬೆಟಿಯನ್ನರ ಹತ್ತಿರ ಹೋಗಿ, ಪೇಮಾ ಅನ್ನುತ್ತಾರೆ, ಯೂನಿಕ್ಕಾಗಿದೆ, ಅರ್ಥ ಕೇಳಿದರೆ ನಿಮ್ಮ ಅಜ್ಜಿಯ ಪದ್ಮಾನೇ ಅದು ಅಂತ ಒಬ್ಬರಿಗೆ ಬರೆದಿದ್ದೆ. ಅವರು ಮತ್ತೆ ಮೆಸೇಜ್ ಮಾಡಲಿಲ್ಲ.

ಆದರೂ ಹೋದೆ. ಪಿರಿಯಾಪಟ್ಟಣದ ರಸ್ತೆಯಲ್ಲಿ ಇಳಿದು ಹೊಗೆಸೊಪ್ಪಿನ ಹೊಲಗಳ ನಡುವೆ ಒಂದಷ್ಟು ನಡೆಯಬೇಕು. ಚಪ್ಪರದ ಕೆಳಗೆ ನೆಂಟರು, ಒಳಕೋಣೆಯಲ್ಲಿ ರಂಜಿತಾ ಮಗುವಿಗೆ ಹಾಲು ಕೊಡುತ್ತಿದ್ದಳು. ಅವಳೇ ಕೇಳಿದಳು, ಆಂಟಿ, ಲಿಯಾ ಅಂದರೆ ಏನು, ಫೋನಿನಲ್ಲಿ ಒಂದೊಂದು ಕಡೆ ಒಂದೊಂದಿದೆ ಅಂತ. ನಾನು ಸುಳ್ಳು ಹೇಳಬೇಕಾಗಿಯೇ ಬರಲಿಲ್ಲ. ಸಿಸ್ಟರ್ ಬಾರ್ಬರಾ ಹೇಳಿಕೊಟ್ಟದ್ದೇ ಇತ್ತು. ಹೀಬ್ರೂ ಭಾಷೆಯ ಹೆಸರು, ದಣಿದವಳು ಅಂತ ಅರ್ಥ ಮಾಡುತ್ತಾರೆ ಅಂದೆ.

ಅವಳು ಮಗುವನ್ನು ನೋಡಿದಳು. ‘ದಣಿದಿರೋದು ನಾನು ಆಂಟಿ’ ಅಂದಳು. ‘ಇವಳಿಗೇನಾಗಿದೆ?’

ನನಗೆ ಆ ಹುಡುಗಿ ಇಷ್ಟವಾದಳು. ಮುಚ್ಚುಮರೆ ಬಿಟ್ಟು, ನಿಮ್ಮತ್ತೆಯ ಹೆಸರು ಯಾಕೆ ಇಡಬಾರದು ಅಂದೆ. ಹಳೇ ಹೆಸರು ಅಂತ ಮೂಗು ಮುರಿಯುತ್ತಾಳೆ ಅಂದುಕೊಂಡಿದ್ದೆ. ಅವಳು ಬಾಗಿಲ ಕಡೆ ನೋಡಿ ದನಿ ತಗ್ಗಿಸಿದಳು.

‘ಇಡೋಕೇನೂ ಕಷ್ಟ ಇಲ್ಲ ಆಂಟಿ. ಇಟ್ಟ ಮೇಲೆ ನಾನು ಏನಂತ ಕರೀಲಿ? ಮಕ್ಕಳು ಅಂದ್ರೆ ಬೈಬೇಕು, ಹೊಡೀಬೇಕು. ಅತ್ತೆ ಹೆಸರು ಹಿಡಿದು ಲೇ ಅನ್ನೋಕಾಗುತ್ತಾ? ಎಲ್ಲರೂ ಕರೀತಾರೆ, ನಾನು ಮಾತ್ರ ನನ್ನ ಮಗಳನ್ನ ಹೆಸರು ಹಿಡಿದು ಕರೀಬಾರ್ದು. ಅದ್ಯಾವ ನ್ಯಾಯ?’

ಒಬ್ಬಳು ಸಾಯುವ ಮೊದಲು ತನ್ನ ಹೆಸರು ಕೇಳಬೇಕು ಅನ್ನುತ್ತಾಳೆ. ಇನ್ನೊಬ್ಬಳು ಹೆತ್ತ ಮಗಳನ್ನು ಬಾಯ್ತುಂಬ ಕರೆಯಬೇಕು ಅನ್ನುತ್ತಾಳೆ. ಇಬ್ಬರದ್ದೂ ಸರಿ. ಚಪ್ಪರದ ಕೆಳಗೆ ಹೋಗಿ ಚೆಲುವಾಜಮ್ಮನ ಕಿವಿಯಲ್ಲಿ ಸೊಸೆಯ ಮಾತನ್ನು ಹಾಗೆಯೇ ಹೇಳಿದೆ. ನನಗೆ ತೋಚಿದ್ದು ಅಷ್ಟೇ.

ತೊಟ್ಟಿಲ ಹತ್ತಿರ ಸೋದರತ್ತೆ, ಅಂದರೆ ಮಂಜನ ಅಕ್ಕ, ಮಗುವಿನ ಕಿವಿಗೆ ಬಗ್ಗಿ ಯಾವ ಹೆಸರು ಹೇಳಲಿ ಅಂದಳು. ಆಗ ಚೆಲುವಾಜಮ್ಮ ಎದ್ದು ನಿಂತಳು. ಎಲ್ಲರ ಎದುರಿಗೆ ಸೊಸೆಯ ಕಡೆ ತಿರುಗಿದಳು.

‘ನನ್ನೆಸ್ರಿಕ್ಕವ್ವ. ಇಕ್ಕಿ ಬೈಯಿ. ಲೇ ಅನ್ನು. ಬಾಯಿಗೆ ಬಂದಂಗೆ ಬೈಯಿ. ನನ್ನ ಈ ವಯಸ್ಸಿನ ಗಂಟ ಯಾರೂ ಎಸ್ರಿಡ್ದು ಬೈದೂ ಇಲ್ಲ.’

ಯಾರೋ ಕಿಸಕ್ಕನೆ ನಕ್ಕರು. ಮಂಜನ ಅಕ್ಕ ಮಾತ್ರ ಸಿಟ್ಟಾದಳು. ‘ಅಂಗಾರೆ ನಮ್ಮವ್ವನ್ ಎಸ್ರಿಡ್ದು ಇವ್ಳು ಬೀದೀಲಿ ನಿಂತ್ಕಂಡು ಬೈಯೋದಾ? ಊರವ್ರೇನಂದಾರು?’

‘ಊರವ್ರಿಗೆ ನನ್ನೆಸ್ರು ಗೊತ್ತಿದ್ರಲ್ವಾ ಅನ್ನಾದು’ ಅಂದಳು ಚೆಲುವಾಜಮ್ಮ.

ಹೆಸರೇನೋ ಇಟ್ಟರು. ಆದರೆ ಕೊಟ್ಟ ಅನುಮತಿ ನಾಲಿಗೆಗೆ ಇಳಿಯಬೇಕಲ್ಲ? ಆಮೇಲಿನ ತಿಂಗಳುಗಳಲ್ಲಿ ನಾನು ಫೋನ್ ಮಾಡಿದಾಗಲೆಲ್ಲ ಹಿಂದೆ ರಂಜಿತಾಳ ದನಿ ಕೇಳುತ್ತಿತ್ತು. ಪಾಪು, ಚಿನ್ನು, ಬಂಗಾರಿ, ಪುಟ್ಟಿ. ಹೆಸರು ತುಟಿಯವರೆಗೂ ಬರುತ್ತಂತೆ, ಅಲ್ಲಿ ಜಗಲಿಯಲ್ಲಿ ಅತ್ತೆ ಕೂತಿರುವುದು ಕಂಡು ವಾಪಸ್ಸು ಹೋಗುತ್ತಂತೆ. ಅತ್ತೆಯ ಮೇಲೆ ಅವಳಿಗೆ ಅಷ್ಟು ಪ್ರೀತಿ. ‘ಇಕ್ಕುದ್ರು ಕಣೇ. ಕರೆಯಾಕಿಲ್ಲ’ ಎಂದಳು ಚೆಲುವಾಜಮ್ಮ ಒಂದು ಸಲ. ದೂರಲಿಲ್ಲ. ಸುಸ್ತಾದವರು ಮಳೆ ಬರಲಿಲ್ಲ ಅನ್ನುತ್ತಾರಲ್ಲ, ಹಾಗೆ ಅಂದಳು. ನಾನೂ ಬೇರೆ ಮಾತು ತೆಗೆದೆ. ಮಂಡಿ ನೋವು, ಬಿ.ಪಿ. ಮಾತ್ರೆ, ಸತ್ತವರ ಸುದ್ದಿ. ನಮ್ಮ ವಯಸ್ಸಿನವರ ಫೋನಿನಲ್ಲಿ ಇನ್ನೇನಿರುತ್ತದೆ?

ಹೋದ ತಿಂಗಳು ಅವಳ ತಿಥಿಗೆ ಹೋಗಿ ಬಂದೆ. ನಿದ್ದೆಯಲ್ಲೇ ಹೋದಳಂತೆ. ಊರ ಬಾಗಿಲಲ್ಲಿ ದೊಡ್ಡ ಫ್ಲೆಕ್ಸು, ಅದರಲ್ಲಿ ಅವಳ ಫೋಟೋ, ಕೆಳಗೆ ಹೆಸರು. ಅದರ ಮುಂದೆ ನಿಂತಿದ್ದ ಇಬ್ಬರು ಗಂಡಸರಲ್ಲಿ ಒಬ್ಬ, ಓ, ಮಿರ್ಲೆ ಅಜ್ಜಿಗೆ ಹಿಂಗೂ ಒಂದು ಹೆಸರಿತ್ತಾ ಎಂದು ಇನ್ನೊಬ್ಬನನ್ನು ಕೇಳುತ್ತಿದ್ದ. ಕೋಪ ಬರಲಿಲ್ಲ. ಈಗ ಕೋಪಕ್ಕೂ ಶಕ್ತಿ ಬೇಕು.

ಆದರೆ ನಾನು ಅವಳನ್ನು ಕೊನೆಯ ಸಲ ನೋಡಿದ್ದು ಅದಕ್ಕೂ ಮೊದಲು, ಹೊಗೆಸೊಪ್ಪು ಕೊಯ್ಯುವ ಕಾಲದಲ್ಲಿ. ಪಿರಿಯಾಪಟ್ಟಣಕ್ಕೆ ಹೋಗಿದ್ದವಳು ಬರುವ ದಾರಿಯಲ್ಲಿ ಇಳಿದೆ. ಮಧ್ಯಾಹ್ನ. ಸೊಪ್ಪು ಬೇಯಿಸಿ ಒಣಗಿಸುವ ಬ್ಯಾರನ್ ಮನೆಯ ಹೊಗೆ ಅಂಗಳಕ್ಕೆಲ್ಲ ಕವಿದಿತ್ತು. ಚೆಲುವಾಜಮ್ಮ ಜಗಲಿಯ ಕಂಬಕ್ಕೆ ಒರಗಿ, ಕಣ್ಣು ಮುಚ್ಚಿ, ಕಾಲು ಚಾಚಿ ಕೂತಿದ್ದಳು. ನಿದ್ದೆ ಹೋಗಿದ್ದಾಳೆ ಅಂದುಕೊಂಡೆ. ಅಷ್ಟರಲ್ಲಿ ಒಳಗೆ ಏನೋ ದಬ್ ಎಂದು ಬಿತ್ತು, ಡಬ್ಬ ಉರುಳಿದ ಸದ್ದು, ಹಿಂದೆಯೇ ಮಗುವಿನ ಕೇಕೆ.

‘ಲೇ ಚೆಲುವಾಜಮ್ಮ! ರಾಗಿ ಹಿಟ್ಟೆಲ್ಲ ಚೆಲ್ಲಿದ್ಯಲ್ಲೇ! ಇರು, ಬಂದೆ, ಬೆನ್ನಿಗೆರಡು ಬಿಟ್ರೇನೇ ಬುದ್ಧಿ ಬರೋದು ನಿಂಗೆ!’

ರಂಜಿತಾಳ ದನಿ. ಬೇಲಿಯಾಚೆ ಸೊಪ್ಪು ಪೋಣಿಸುತ್ತಿದ್ದ ಹೆಂಗಸರು ತಲೆಯೆತ್ತಿ ನೋಡಿದರು. ನಾನು ಮೆಟ್ಟಿಲು ಹತ್ತಿ, ಏನೇ, ನಿದ್ದೆನಾ ಅಂದೆ.

ಅವಳು ಕಣ್ಣು ಬಿಡಲಿಲ್ಲ. ಕೈ ಮಾತ್ರ ಎತ್ತಿದಳು.

‘ಸುಮ್ಕಿರೇ. ಇನ್ನೊಂದ್ಸಲ ಬೈತಾಳೆ.’