ಪಿಲ್ಸುನ್ ಅವರ ನಂಬರಿಗೆ ಬಿದ್ದ ಬೀಗ

ಪ್ಯೊ ಮಿರಾನ್‌ಗೆ ನಲವತ್ತೇಳು ವರ್ಷ. ಬದುಕಿನಲ್ಲಿ ಒಮ್ಮೆಯೂ ಕಂಪ್ಯೂಟರ್ ಆಟ ಆಡಿದವಳಲ್ಲ. ಆದರೂ ದಕ್ಷಿಣ ಕೊರಿಯಾದ ಸೋಲ್ ನಗರದ ಗುರೋ ಬಡಾವಣೆಯಲ್ಲಿ, ಹನ್ನೊಂದನೇ ಮಹಡಿಯ ಕಾಲ್ ಸೆಂಟರ್ ಹಾಲ್‌ನಲ್ಲಿ ಕೂತು, ಆಟಗಳನ್ನು ಮಾರುವ ಆನ್‌ಲೈನ್ ಅಂಗಡಿಯ ಗಿರಾಕಿಗಳ ದೂರು ಕೇಳುತ್ತಾ ಆರು ವರ್ಷ ಕಳೆದಿದ್ದಳು. ದುಡ್ಡು ಕಟ್ಟುವ ಪುಟದಲ್ಲಿ ಸಿಕ್ಕಿಕೊಂಡವರೆಲ್ಲ ಅವಳ ಪಾಲು. ಕಾರ್ಡು ಒಪ್ಪುತ್ತಿಲ್ಲ ಎನ್ನುವವರು, ದುಡ್ಡು ಹೋಯಿತು ಆಟ ಬರಲಿಲ್ಲ ಎನ್ನುವವರು, ಗುರುತಿನ ಅಂಕಿ ಮೊಬೈಲಿಗೆ ಬರಲೇ ಇಲ್ಲ ಎಂದು ಕೂಗಾಡುವವರು.

ಅದಕ್ಕೂ ಮುಂಚೆ ಹದಿನಾಲ್ಕು ವರ್ಷ ಸಣ್ಣ ಊರಿನ ಬ್ಯಾಂಕೊಂದರ ಕೌಂಟರಿನಲ್ಲಿದ್ದಳು. ಆ ಶಾಖೆ ಮುಚ್ಚಿತು. ಎದುರಿಗಿದ್ದ ಮುಖ ಹೋಗಿ ಬರಿಯ ದನಿ ಉಳಿಯಿತು, ಅಷ್ಟೇ ವ್ಯತ್ಯಾಸ ಎಂದು ಅವಳು ಹೇಳುತ್ತಿದ್ದಳು. ಕೆಲಸದಲ್ಲಿ ಕೈ ಪಳಗಿತ್ತು. ಗಿರಾಕಿ ಗುಂಡಿಯನ್ನು ಎಷ್ಟು ಸಲ ಒತ್ತುತ್ತಿದ್ದಾನೆಂದು ಸದ್ದಿನಲ್ಲೇ ತಿಳಿಯುತ್ತಿತ್ತು. ಎರಡನೇ ಸಲ ಒತ್ತಿದವರಿಗೇ ಎರಡು ಸಲ ದುಡ್ಡು ಹೋಗುವುದು. ಹಾಗಾಗಿ ಅವಳ ಮೊದಲ ಮಾತು ಯಾವಾಗಲೂ ಒಂದೇ: "ಎರಡೂ ಕೈ ತೊಡೆ ಮೇಲಿಡಿ. ಇಟ್ರಾ? ಈಗ ಹೇಳಿ."

ಅವಳ ಮೇಜಿನ ಅಡ್ಡತಡಿಕೆಗೆ ಎರಡು ಕಾಗದ ಅಂಟಿಸಿದ್ದರು. ಒಂದು ಹಳದಿ: "ಮಗ ಅಥವಾ ಮಗಳ ಹೆಸರಲ್ಲಿ ಮೆಸೇಜು ಬಂದು ಚೀಟಿ ಕೊಳ್ಳುತ್ತಿದ್ದಾರೆಯೇ, ವಿಚಾರಿಸಿ." ಅಮ್ಮ, ನನ್ನ ಫೋನ್ ಒಡೆದುಹೋಗಿದೆ, ಮೆಸೇಜು ಮಾತ್ರ ಮಾಡಬಲ್ಲೆ ಎಂದು ಮಕ್ಕಳ ಹೆಸರಿನಲ್ಲಿ ಬರೆಯುವ ಕಳ್ಳರು ದೇಶದ ತುಂಬ ಇದ್ದರು. ತಾಯಂದಿರಿಂದ ಆಟದ ಚೀಟಿ, ಅಂದರೆ ಗಿಫ್ಟ್ ಕಾರ್ಡು ಕೊಳ್ಳಿಸಿ, ದುಡ್ಡಿನಷ್ಟೇ ಬೆಲೆಯ ಅದರ ಅಂಕಿಗಳನ್ನು ತರಿಸಿಕೊಂಡು ಮಾಯವಾಗುತ್ತಿದ್ದರು. ಇನ್ನೊಂದು ಕಾಗದ ಬಿಳಿಯದು: "ಪ್ರತಿ ಕರೆಗೆ ಆರು ನಿಮಿಷ. ಐದು ನಕ್ಷತ್ರ."

ಜನವರಿಯಲ್ಲಿ ಮಿರಾನ್ ಹಳದಿ ಕಾಗದದ ಮಾತು ಕೇಳಿದಳು. ಬುಸಾನಿನ ಹೆಂಗಸೊಬ್ಬಳು ಮಗಳಿಗಾಗಿ ಚೀಟಿ ಕೊಳ್ಳುತ್ತಿದ್ದಳು. ನಿಜಕ್ಕೂ ಮಗಳೇನಾ ಎಂದು ಮಿರಾನ್ ಮೂರು ಸಲ ಕೇಳಿದಳು. ಒಡೆದ ಫೋನ್ ಹಿಡಿದ ಮಗಳು ತಾಯಿಯ ಪಕ್ಕದಲ್ಲೇ ಕೂತಿದ್ದಳು. ಆ ಗಿರಾಕಿಯಿಂದ ಐದರಲ್ಲಿ ಒಂದೇ ನಕ್ಷತ್ರ ಬಂತು, ಜೊತೆಗೆ ದೂರು: ನನ್ನನ್ನು ಬುದ್ಧಿಗೆಟ್ಟ ಮುದುಕಿಯಂತೆ ನಡೆಸಿಕೊಂಡರು.

ಟೀಮ್ ಲೀಡರ್ ನಾಮ್‌ಗುಂಗ್ ಮಿರಾನ್‌ಗಿಂತ ಹದಿಮೂರು ವರ್ಷ ಚಿಕ್ಕವನು. ಬಿಳಿ ಹಾಳೆ ತಂದು ಮುಂದಿಟ್ಟ.

"ಅಕ್ಕ, ತಪ್ಪೊಪ್ಪಿಗೆ ಬರೀರಿ. ಕೈಬರಹದಲ್ಲೇ ಇರ್ಲಿ."

"ಏನಂತ ಬರೀಲಿ? ಗೋಡೆ ಮೇಲಿರೋದನ್ನ ಓದಿದೆ ಅಂತಾನಾ?"

"ಗಿರಾಕಿ ಮಾತನ್ನ ಅನುಮಾನಿಸಿದೆ ಅಂತ ಬರೀರಿ. ನನ್ನ ತಲೆ ಮೇಲೂ ಒಬ್ಬ ಕೂತಿದ್ದಾನೆ, ಗೊತ್ತಲ್ಲ."

ಮಿರಾನ್ ಬರೆದಳು. ಆಮೇಲೆ ಬುಸಾನಿಗೆ ಫೋನ್ ಮಾಡಿ ಕ್ಷಮೆ ಕೇಳಿದಳು. ಕಾಣದ ಹೆಂಗಸಿಗೆ ಕುರ್ಚಿಯಲ್ಲೇ ತಲೆ ಬಾಗಿಸಿದ್ದನ್ನು ಪಕ್ಕದವರು ನೋಡಿದರು.

ಫೆಬ್ರವರಿಯ ಒಂದು ಮಂಗಳವಾರ ಬೆಳಿಗ್ಗೆ ದಕ್ಷಿಣದ ಕಡಲೂರು ತೊಂಗ್‌ಯಂಗ್ ಕಡೆಯಿಂದ ಕರೆ ಬಂತು. ತಾಕ್ ಪಿಲ್ಸುನ್, ಎಪ್ಪತ್ತೊಂದು ವರ್ಷ. ಚಳಿಗಾಲವಿಡೀ ಕಡಲ ದಂಡೆಯ ಶೆಡ್ಡಿನಲ್ಲಿ ನಿಂತು ಸಿಂಪಿಯ ಚಿಪ್ಪು ತೆರೆದು ಮಾಂಸ ಬಿಡಿಸುವವಳು. ಒಂದೇ ದಿನ ನಾಲ್ಕು ಚೀಟಿ ಕೊಂಡಿದ್ದಕ್ಕೆ ಅಂಗಡಿ ಅವಳ ನಂಬರಿಗೆ ತಾನಾಗಿ ಬೀಗ ಹಾಕಿತ್ತು.

"ಬೀಗ ತೆಗಿ ಮಗಾ. ನಮ್ಮುಡುಗಿ ಕಾಯ್ತಾವ್ಳೆ. ಅವ್ಳ ಫೋನು ಒಡೆದೋಗದಂತೆ, ಮೆಸೇಜ್ನಾಗೇ ಮಾತಾಡ್ತಾವ್ಳೆ."

ಮಿರಾನ್ ಹಳದಿ ಕಾಗದ ನೋಡಿದಳು. ಹೆಸರು ಕೇಳಿದಳು, ಸರಿ. ಹುಟ್ಟಿದ ದಿನ ಕೇಳಿದಳು, ಸರಿ. ಮೊಬೈಲಿಗೆ ಕಳಿಸಿದ ಆರು ಅಂಕಿಯನ್ನು ಮುದುಕಿ ಒಂದೊಂದಾಗಿ ಓದಿದಳು, ಅದೂ ಸರಿ. ನಿಜಕ್ಕೂ ಮಗಳೇನಾ ಎಂಬ ನಾಲ್ಕನೇ ಪ್ರಶ್ನೆ ನಾಲಿಗೆಯ ತುದಿಗೆ ಬಂದಿತ್ತು. ಜೊತೆಗೆ ಆ ಕೈಬರಹದ ಹಾಳೆಯೂ ನೆನಪಿಗೆ ಬಂತು. ಅವಳು ಬೀಗ ತೆಗೆದಳು. ನಾಲ್ಕು ನಿಮಿಷ. ಐದು ನಕ್ಷತ್ರ.

ಬುಧವಾರ ಅದೇ ಹೊತ್ತಿಗೆ ಮುದುಕಿ ಮತ್ತೆ ಫೋನ್ ಮಾಡಿದಳು. ಎತ್ತಿಕೊಂಡ ಬೇರೆಯವರ ಹತ್ತಿರ, ನಿನ್ನೆಯ ಹುಡುಗಿಯೇ ಬೇಕು ಎಂದು ಹಟ ಹಿಡಿದು ಇಪ್ಪತ್ತು ನಿಮಿಷ ಕಾದಿದ್ದಳು.

"ನಿನ್ನೆ ಉಪಕಾರ ಮಾಡ್ದೆ ಮಗಾ. ಇವತ್ತೂ ಬೀಗ ಬಿದ್ದದೆ. ಇದೊಂದ್ಸಲ ತೆಗೆದ್ಬುಡು, ಮುಗೀತು."

"ಅಮ್ಮ, ಮಗಳ ದನಿ ಕೇಳಿದ್ರಾ?"

"ಫೋನ್ ಒಡೆದದೆ ಅಂದ್ನಲ್ಲ."

"ಅವರು ಕೆಲಸ ಮಾಡೋ ಕಡೆಗೆ ಒಂದು ಫೋನ್ ಮಾಡಿ ಅಮ್ಮ."

"ಚೆಯೋನನ್ ಊರ್ನಾಗೆ ಫ್ಯಾಕ್ಟ್ರಿ ಕೆಲ್ಸ ಕಣವ್ವ. ಪಾಳಿ ಟೈಮಲ್ಲಿ ಫೋನ್ ಮಾಡಿದ್ರೆ ಮೇಸ್ತ್ರಿ ಉಗೀತಾನಂತೆ. ಹಲ್ಲು ಕಟ್ಟಿಸ್ಕಳಕ್ಕೆ ಅಂತ ಇಟ್ಟಿದ್ದು ಇದು. ನಾಳೀಕೇ ವಾಪಸ್ ಹಾಕ್ತೀನಿ ಅಂದವ್ಳೆ."

ಎರಡು ಚಳಿಗಾಲದ ಸಿಂಪಿಯ ದುಡ್ಡು ಅದು. ಮೂರು ವರ್ಷದಿಂದ ಎಡಗಡೆಯ ದವಡೆಯಲ್ಲಷ್ಟೇ ಅಗಿಯುತ್ತಿದ್ದೇನೆ ಎಂದು ಮುದುಕಿ ತಾನಾಗಿ ಹೇಳಿದಳು. ಅರ್ಧ ನಿನ್ನೆಯೇ ಹೋಗಿತ್ತು. ಅರ್ಧ ಉಳಿದಿತ್ತು.

"ಅಮ್ಮ, ಅವರು ನಿಮ್ಮ ಮಗಳಲ್ಲ. ಕಳ್ಳರು."

ಆ ಕಡೆ ಸಿಂಪಿಯ ಚಿಪ್ಪೊಂದು ರಾಶಿಗೆ ಬಿದ್ದ ಸದ್ದು ಕೇಳಿಸಿತು.

"ನಿನ್ನೆ ನೀನೇ ತೆಗೆದೆಯಲ್ಲ," ಎಂದಳು ಮುದುಕಿ. "ಕಳ್ರಾಗಿದ್ರೆ ನೀನು ತೆಗೀತಿದ್ಯಾ?"

ಎಲ್ಲ ಕರೆಗಳೂ ದಾಖಲಾಗುತ್ತಿದ್ದವು. ಅಂಗಡಿಯ ತಪ್ಪನ್ನು ಒಪ್ಪಿಕೊಳ್ಳುವ ಮಾತಾಡಬಾರದೆಂಬ ನಿಯಮವಿತ್ತು. ಮಿರಾನ್ ಸುಮ್ಮನಿದ್ದಳು. ಆ ಮೌನವನ್ನು ಮುದುಕಿ ತನಗೆ ಬೇಕಾದಂತೆ ಅರ್ಥ ಮಾಡಿಕೊಂಡಳು.

"ಇವತ್ತು ಬೇಜಾರಲ್ಲಿದ್ದೀಯ ಅನ್ಸತ್ತೆ. ಇರ್ಲಿ, ಬೇರೆಯವ್ರನ್ನ ಕೇಳ್ತೀನಿ," ಎಂದು ಇಟ್ಟುಬಿಟ್ಟಳು.

ಬೇರೆಯವರು ತೆಗೆಯುತ್ತಾರೆಂದು ಮಿರಾನ್‌ಗೆ ಗೊತ್ತಿತ್ತು. ಹಾಲ್‌ನಲ್ಲಿ ಅರವತ್ತು ಜನ ಇದ್ದರು, ಅರವತ್ತು ಮಂದಿಗೂ ಆರೇ ನಿಮಿಷ. ಗಿರಾಕಿಯ ಕಡತದಲ್ಲಿ ಎಚ್ಚರಿಕೆ ಎಂದು ಬರೆದಿಟ್ಟರೂ ಓದುವಷ್ಟು ಬಿಡುವು ಯಾರಿಗೂ ಇರಲಿಲ್ಲ. ಹಾಲ್‌ನ ಯಾರ ಕೈಯಿಂದಲೂ ತೆಗೆಯಲಾಗದ ಬೀಗ ಒಂದೇ ಒಂದು. ಗಿರಾಕಿಯೇ ವಂಚಕ ಎಂದು ಗುರುತು ಮಾಡಿದರೆ ಕಡತ ಮುಖ್ಯ ಕಚೇರಿಗೆ ಹೋಗುತ್ತದೆ. ಹತ್ತು ದಿನ ಯಾರೂ ಮುಟ್ಟುವಂತಿಲ್ಲ. ಕದ್ದ ಕಾರ್ಡಿನಲ್ಲಿ ಆಟ ಕೊಳ್ಳುವವರಿಗೆಂದು ಮಾಡಿದ ಬೀಗ ಅದು.

ಮಿರಾನ್ ತಾಕ್ ಪಿಲ್ಸುನ್ ಎಂಬ ಹೆಸರಿನ ಮುಂದೆ ವಂಚಕಿ ಎಂದು ಗುರುತು ಹಾಕಿದಳು. ಕಾರಣ ಕೇಳುವ ಜಾಗದಲ್ಲಿ, ಕದ್ದ ಕಾರ್ಡು ಎಂದು ಸುಳ್ಳು ಬರೆದಳು.

ಶುಕ್ರವಾರ ಮಗಳು ಫೋನ್ ಮಾಡಿದಳು. ಈ ಸಲ ನಿಜವಾದ ಮಗಳು.

"ನಮ್ಮಮ್ಮನ್ನ ಕಳ್ಳಿ ಅಂತ ಬರೆದವರು ಯಾರ್ರೀ? ಆ ಪುಣ್ಯಾತ್ಮರನ್ನ ಸ್ವಲ್ಪ ಕರೀರಿ, ಅವರ ದನಿನಾದ್ರೂ ಕೇಳ್ತೀನಿ."

ನಡೆದದ್ದು ಹೀಗೆ. ವಂಚನೆಯ ಕಾರಣಕ್ಕೆ ನಿಮ್ಮ ನಂಬರನ್ನು ತಡೆಹಿಡಿಯಲಾಗಿದೆ ಎಂಬ ಮೆಸೇಜು ಮುದುಕಿಗೆ ತಲುಪಿತ್ತು. ಅವಳು ಸಿಂಪಿಯ ಚಾಕು ಕೆಳಗಿಟ್ಟು ಮನೆಗೆ ಹೋಗಿ, ಸಾವಿನ ಮನೆಗೆ ಹೋಗುವಾಗ ಹಾಕಿಕೊಳ್ಳುವ ಕಪ್ಪು ಕೋಟು ಹಾಕಿಕೊಂಡು, ತಾನು ಕಳ್ಳಿಯಲ್ಲ ಎಂದು ಹೇಳಲು ಬಸ್ಸು ಹತ್ತಿ ಪೊಲೀಸ್ ಠಾಣೆಗೆ ಹೋಗಿದ್ದಳು. ಅಲ್ಲಿಯ ಪೊಲೀಸು ಫೋನ್ ಕೈಗೆ ತೆಗೆದುಕೊಂಡು ಮೆಸೇಜುಗಳನ್ನು ಓದಿ, ಅವಳನ್ನು ಕೂರಿಸಿ ನೀರು ಕೊಟ್ಟ. ಉಳಿದ ಅರ್ಧ ಉಳಿಯಿತು. ಆದರೆ ಶೆಡ್ಡಿನ ಹೆಂಗಸರಿಗೆ ಸುದ್ದಿ ಮುಟ್ಟಿತ್ತು. ಅಂದಿನಿಂದ ಅವಳು ಕೆಲಸಕ್ಕೆ ಹೋಗಿರಲಿಲ್ಲ.

ನಾಮ್‌ಗುಂಗ್ ಎರಡು ದಿನದ ಕರೆಗಳನ್ನೂ ಕೇಳಿ ಬಂದು, ಕಿವಿಯಿಂದ ಹೆಡ್‌ಫೋನ್ ತೆಗೆದ.

"ಮಂಗಳವಾರದ್ದರಲ್ಲಿ ನಿಯಮದ ಪ್ರಕಾರ ಒಂದು ತಪ್ಪೂ ಇಲ್ಲ ಅಕ್ಕ. ಬುಧವಾರದ್ದು ಸುಳ್ಳು ದಾಖಲೆ. ನಾನೇನೂ ಮಾಡೋಕಾಗಲ್ಲ."

"ಗೊತ್ತು."

"ಮೊದಲು ಕ್ಷಮೆ ಕೇಳಿ. ಇಲ್ಲಿ ಬರೆದಿರೋದಷ್ಟೇ ಓದಿ."

ಅವನು ಪಕ್ಕದಲ್ಲೇ ನಿಂತ. ಮಿರಾನ್ ಮುದುಕಿಗೆ ಫೋನ್ ಮಾಡಿ, ಹಾಳೆ ನೋಡಿ ಓದಿದಳು: ಗುರುತು ಹಾಕುವಾಗ ಆದ ಅಚಾತುರ್ಯಕ್ಕೆ ವಿಷಾದಿಸುತ್ತೇವೆ. ಮುದುಕಿ ಕೊನೆಯವರೆಗೂ ಕೇಳಿದಳು. ಹಿಂದೆ ಚಿಪ್ಪಿನ ಸದ್ದಿರಲಿಲ್ಲ.

"ಅದಿರ್ಲಿ. ಒಂದ್ ಮಾತು ಕೇಳ್ತೀನಿ. ಮೊದಲ್ನೇ ದಿನ ಬೀಗ ತೆಗೆದ್ಯಲ್ಲ, ಆವಾಗ್ಲೇ ನಿಂಗೆ ಅನುಮಾನ ಇತ್ತಾ?"

ನಾಮ್‌ಗುಂಗ್ ಬೇಡ ಎಂದು ತಲೆಯಾಡಿಸಿ, ಹಾಳೆಯ ಕೊನೆಯ ಸಾಲಿನ ಮೇಲೆ ಬೆರಳಿಟ್ಟ. ಆ ಪ್ರಶ್ನೆಗೆ ಅಲ್ಲಿ ಉತ್ತರವಿರಲಿಲ್ಲ.

"ಇತ್ತು ಅಮ್ಮ," ಎಂದಳು ಮಿರಾನ್. "ಕೇಳ್ಬೇಕು ಅನ್ಕೊಂಡೆ. ಕೇಳ್ಲಿಲ್ಲ."

"ಹೂಂ." ಮುದುಕಿ ಮೂಗು ಒರೆಸಿಕೊಂಡ ಸದ್ದಾಯಿತು. "ನಾನೊಬ್ಳೇ ದಡ್ಡಿ ಅನ್ಕೊಂಡು ಎರಡು ದಿನದಿಂದ ಅನ್ನ ಸೇರಿರ್ಲಿಲ್ಲ."

ಬೈಯುತ್ತಾಳೆಂದು ಮಿರಾನ್ ಕಾದಳು. ಮುದುಕಿ ಬೈಯಲಿಲ್ಲ, ಕ್ಷಮಿಸಿದೆ ಎಂದೂ ಹೇಳಲಿಲ್ಲ. ಫೋನ್ ಇಟ್ಟಳು.

ತಿಂಗಳ ಕೊನೆಗೆ ಮಿರಾನ್‌ಳ ಕೆಲಸದ ಒಪ್ಪಂದ ಮುಗಿಯಿತು. ಅದನ್ನು ಯಾರೂ ಮುಂದುವರಿಸಲಿಲ್ಲ. ಮೇಜು ತೆರವು ಮಾಡುವಾಗ ಅವಳು ಹಳದಿ ಕಾಗದವನ್ನು ಕಿತ್ತು ಚೀಲಕ್ಕೆ ಹಾಕಿಕೊಳ್ಳಲು ನೋಡಿದಳು. ಅದು ಕಂಪನಿಯದು, ಅಲ್ಲೇ ಇರಲಿ ಎಂದ ನಾಮ್‌ಗುಂಗ್. ಅವಳು ಅದನ್ನು ಮತ್ತೆ ಅಂಟಿಸಿ, ಏಳುತ್ತಿದ್ದ ಮೂಲೆಯನ್ನು ಹೆಬ್ಬೆರಳಿನಿಂದ ಒತ್ತಿ ಹೊರಟಳು.