ಶರಣಮ್ಮ ಒಪ್ಪದ ಒಂದು ಸಾಲು

ಮಹಾರಾಷ್ಟ್ರದ ಸಂಭಾಜಿನಗರದಲ್ಲಿ ನಾನು ವಕೀಲರೊಬ್ಬರ ಗುಮಾಸ್ತ. ಹತ್ತಿರದ ಬಿಡಕಿನ್ ಊರಿನಲ್ಲಿ ಕಟ್ಟಡ ಕೆಲಸ ಮಾಡುವ ಕಲಬುರಗಿಯ ಶರಣಮ್ಮ ಒಮ್ಮೆ ನಮ್ಮಲ್ಲಿಗೆ ಬಂದರು. ಸೈಟಿನಲ್ಲಿ ಏನು ಕಳುವಾದರೂ ಪೊಲೀಸರು ಅವರ ಗಂಡನನ್ನೇ ಠಾಣೆಗೆ ಕರೆದು ದಿನವಿಡೀ ಕೂರಿಸುತ್ತಿದ್ದರಂತೆ. ಹೈಕೋರ್ಟಿಗೆಂದು ಇಂಗ್ಲಿಷಿನಲ್ಲಿ ಬರೆದ ಅರ್ಜಿಯನ್ನು ನಾನು ಕನ್ನಡದಲ್ಲಿ ಓದಿ ಹೇಳಿದೆ. ‘ಅರ್ಜಿದಾರಳು ಅಸಹಾಯಕ ಹೆಣ್ಣುಮಗಳು’ ಎಂಬಲ್ಲಿ ಅವರು ಪೆನ್ನು ಕೆಳಗಿಟ್ಟರು.

“ಅದನ್ನ ತೆಗೀರಿ. ಅಸಹಾಯಕಳಾಗಿದ್ರ ನಾ ಇಲ್ಲಿತನಕ ಬರ್ತಿದ್ನೇನ್ರಿ?”

“ಹಂಗ ಬರೆಯೋದು ರೂಢಿ ಅದ ಅಕ್ಕಾ,” ಎಂದೆ.

“ನಿಮ್ಮ ರೂಢಿಗೆ ನಾ ಯಾಕ ಸಹಿ ಮಾಡ್ಲಿ?”

ವಕೀಲರು ನಕ್ಕು ಆ ಸಾಲು ಹೊಡೆದುಹಾಕಿದರು. ಲಿಖಿತ ನೋಟಿಸ್ ಇಲ್ಲದೆ ಗಂಡನನ್ನು ಠಾಣೆಗೆ ಕರೆಯಬಾರದೆಂದು ಕೋರ್ಟು ಆದೇಶಿಸಿತು. ಅದರ ಪ್ರತಿಗೆ ಲ್ಯಾಮಿನೇಶನ್ ಮಾಡಿಸಿ ಶರಣಮ್ಮ ತಮ್ಮ ಶೆಡ್ಡಿನ ಬಾಗಿಲಿಗೆ ತೂಗುಹಾಕಿದ್ದಾರೆ. ಆಮೇಲೆ ಯಾರೂ ಕರೆಯಲು ಬಂದಿಲ್ಲ. ಆದೇಶವಿರುವುದು ಇಂಗ್ಲಿಷಿನಲ್ಲಿ, ಠಾಣೆಯಲ್ಲೂ ಓದಿ ಹೇಳುವ ಗುಮಾಸ್ತರೊಬ್ಬರು ಇರಬೇಕು.